ಓದುಗರ ಪ್ರಶ್ನೆ, ನಮ್ಮ ಉತ್ತರ: ಖ್ಮೇರ್ ದೇಗುಲಗಳಿಗೆ ಗೈಡ್ ಜೊತೆ ಹೊರಡುವ ಮುನ್ನ

ಕಾಂಬೋಡಿಯಾದ ಅಂಕೋರ್ ವಾಟ್ ಹಾಗೂ ಅದರ ಸುತ್ತಲಿನ ಹಳೆಯ ಖ್ಮೇರ್ (ಅಲ್ಲಿನ ಜನರ, ಭಾಷೆಯ ಹೆಸರು) ದೇಗುಲಗಳಿಗೆ ಪ್ಯಾಕೇಜ್ ಟೂರ್ ಹೊರಡುವವರು ಕೇಳಿದ ಪ್ರಶ್ನೆಗಳಿಗೆ ಈ ಸಲ ಉತ್ತರ ಕೊಟ್ಟಿದ್ದೇವೆ. ಕೆಳಗೆ ಡಾಲರ್ ಎಂದಲ್ಲೆಲ್ಲ ಅಮೆರಿಕದ ಡಾಲರ್ ಎಂದು ತಿಳಿಯಿರಿ. ಅಲ್ಲಿ ಟಿಕೆಟ್, ಗಾಡಿ, ಗೈಡ್ ಎಲ್ಲಕ್ಕೂ ಅದೇ ನಡೆಯುತ್ತದೆ.

ಪ್ರಶ್ನೆ: ಟೂರ್‌ನವರು ಕೊಟ್ಟ ಪಟ್ಟಿಯಲ್ಲಿ ಸಿಯೆಮ್ ರೀಪ್ ಊರಿನಲ್ಲಿ ನಾಲ್ಕು ರಾತ್ರಿ ಇದೆ. ಆದರೆ ದೇವಸ್ಥಾನಗಳಿಗೆ ಇಟ್ಟಿರುವುದು ಒಂದೇ ದಿನ. ಅಂಕೋರ್ ವಾಟ್, ಬಯೋನ್, ತಾ ಪ್ರೋಮ್ ಮೂರನ್ನೂ ಒಂದು ದಿನದಲ್ಲಿ ಆರಾಮಾಗಿ ನೋಡಬಹುದು ಅನ್ನುತ್ತಾರೆ. ನಿಜವೇ? — ಹುಬ್ಬಳ್ಳಿಯ ಓದುಗರು

ಮೂರು ಕಡೆಗೂ ಕಾಲಿಟ್ಟು ಬರಬಹುದು, ನೋಡಿದ ಹಾಗೆ ಆಗುವುದಿಲ್ಲ. ಅಂಕೋರ್ ವಾಟ್‌ನ ಉಬ್ಬುಶಿಲ್ಪದ ಪಡಸಾಲೆಯೊಂದಕ್ಕೇ ಎರಡೂವರೆ ಗಂಟೆ ಬೇಕು. ಒಂದು ದಿನದ ಪಾಸಿಗೆ 37 ಡಾಲರ್, ಮೂರು ದಿನದ್ದಕ್ಕೆ 62, ಏಳು ದಿನದ್ದಕ್ಕೆ 72. 2017ರಿಂದ ಇರುವ ದರ ಇದು. ಟೂರ್‌ನವರು ಒಂದು ದಿನಕ್ಕೆ ಮೊಟಕು ಮಾಡುವುದು ಹೆಚ್ಚಾಗಿ ಈ 25 ಡಾಲರ್ ಉಳಿಸಲು. ವಿಮಾನಕ್ಕೆ ಅಷ್ಟು ಖರ್ಚು ಮಾಡಿ ಹೋದಮೇಲೆ ಇಲ್ಲಿ ಉಳಿಸಬೇಡಿ, ವ್ಯತ್ಯಾಸದ ಹಣ ಕೊಟ್ಟು ಮೂರು ದಿನದ ಪಾಸನ್ನೇ ಕೇಳಿ.

ಮೂರು ದಿನದ ಪಾಸನ್ನು ಒಂದೇ ಸಮನೆ ಮೂರು ದಿನ ಬಳಸಬೇಕಿಲ್ಲ. ಕೊಂಡ ದಿನದಿಂದ ಹತ್ತು ದಿನದೊಳಗೆ ಯಾವ ಮೂರು ದಿನವಾದರೂ ಸರಿ. ಪಾಸಿನ ಮೇಲೆ ನಿಮ್ಮ ಫೋಟೋ ಇರುತ್ತದೆ, ಕಳೆದರೆ ಹೊಸದನ್ನೇ ಕೊಳ್ಳಬೇಕು. ದೇಗುಲದ ಬಾಗಿಲಲ್ಲಿ ಇದು ಸಿಗುವುದಿಲ್ಲ. ಊರಿನಿಂದ ಸುಮಾರು ನಾಲ್ಕು ಕಿಲೋಮೀಟರ್ ದೂರದ ಟಿಕೆಟ್ ಕಚೇರಿಯಲ್ಲಿ ಅಥವಾ ಟಿಕೆಟ್ ಮಾರುವ ಸರ್ಕಾರಿ ಸಂಸ್ಥೆ ಅಂಕೋರ್ ಎಂಟರ್‌ಪ್ರೈಸ್‌ನ ಅಧಿಕೃತ ಜಾಲತಾಣದಲ್ಲಿ ಮಾತ್ರ ಕೊಳ್ಳಬೇಕು. ಸಂಜೆ 5ರ ಹೊತ್ತಿಗೆ ಕೊಂಡ ಪಾಸ್ ಮರುದಿನದಿಂದ ಲೆಕ್ಕಕ್ಕೆ ಬರುತ್ತದೆ, ಆ ಸಂಜೆ ಸೂರ್ಯಾಸ್ತಕ್ಕೂ ಬಿಡುತ್ತಾರೆ. ಹಾಗಾಗಿ ಊರು ಮುಟ್ಟಿದ ದಿನವೇ ಸಂಜೆ ಈ ಕೆಲಸ ಮುಗಿಸಿಕೊಂಡರೆ ಮರುದಿನ ಬೆಳಗ್ಗೆ ಸಾಲಿನಲ್ಲಿ ನಿಲ್ಲುವುದು ತಪ್ಪುತ್ತದೆ.

ಇನ್ನು ಯಾವುದನ್ನು ಮೊದಲು ನೋಡಬೇಕು ಎಂಬುದು. ಎಲ್ಲರೂ ಮೊದಲ ದಿನವೇ ಅಂಕೋರ್ ವಾಟ್‌ಗೆ ಕರೆದೊಯ್ಯುತ್ತಾರೆ. ನಮ್ಮ ಸಲಹೆ, ಅದನ್ನು ಎರಡನೇ ದಿನಕ್ಕೆ ಇಡಿ. ಮೊದಲ ದಿನ ಬೆಳಗ್ಗೆ 7ಕ್ಕೆ ಹೊರಟು ಬಾಂಟೆ ಸ್ರೇ ನೋಡಿ. ಊರಿನಿಂದ ಸುಮಾರು 35 ಕಿಲೋಮೀಟರ್. 967ರಲ್ಲಿ ಪ್ರತಿಷ್ಠೆಯಾದ ಈ ಶಿವಾಲಯವನ್ನು ಕಟ್ಟಿಸಿದ್ದು ರಾಜನಲ್ಲ, ಯಜ್ಞವರಾಹನೆಂಬ ರಾಜಗುರು. ಗುಲಾಬಿ ಮರಳುಗಲ್ಲಿನ ಕೆತ್ತನೆ ಎಷ್ಟು ಆಳವೆಂದರೆ ಎಲೆಯ ಹಿಂದೆ ನೆರಳು ಬೀಳುತ್ತದೆ. ಬಾಗಿಲ ಮೇಲಿನ ಫಲಕಗಳಲ್ಲಿ ಕೈಲಾಸ ಅಲುಗಿಸುವ ರಾವಣ, ಕಾಮದಹನ, ವಾಲಿ-ಸುಗ್ರೀವರ ಕಾಳಗ, ಖಾಂಡವವನದ ಮೇಲೆ ಇಂದ್ರ ಸುರಿಸುವ ಮಳೆ ಎಲ್ಲ ಇವೆ. ಮಳೆಯನ್ನು ಓರೆ ಗೆರೆಗಳಲ್ಲಿ ಕೊರೆದಿದ್ದಾರೆ, ಗೈಡ್ ತೋರಿಸದಿದ್ದರೆ ಕೇಳಿ ನೋಡಿ. ದೇಗುಲ ಪೂರ್ವಕ್ಕೆ ಮುಖಮಾಡಿದೆ, ಹೊತ್ತೇರಿದರೆ ಜನ ಹೆಚ್ಚು, ಹಾಗಾಗಿ 8ರ ಆಸುಪಾಸಿಗೆ ಅಲ್ಲಿರಬೇಕು. ಮಧ್ಯಾಹ್ನದ ಮೇಲೆ ರೊಲುವೋಸ್. 9ನೇ ಶತಮಾನದ ಪ್ರೇಹ್ ಕೋ ಎಂಬ ಇಟ್ಟಿಗೆ ಗುಡಿಗಳೂ ಬಾಕಾಂಗ್ ಎಂಬ ಮೆಟ್ಟಿಲು ಮೆಟ್ಟಿಲಾದ ಕಲ್ಲಿನ ಗುಡಿಯೂ ಅಲ್ಲಿವೆ. ಇವನ್ನು ಕಂಡ ಕಣ್ಣಿಗೆ ಅಂಕೋರ್ ವಾಟ್ ಎಲ್ಲಿಂದ ಬೆಳೆದು ಬಂತು ಎಂಬುದು ತಾನಾಗಿ ಹೊಳೆಯುತ್ತದೆ. ತಿರುಗಾಮುರುಗಾ ಮಾಡಿದರೆ ಅಂಕೋರ್ ವಾಟ್ ನೋಡಿದವರಿಗೆ ಇವು ಚಿಕ್ಕವೆನಿಸಿ, ಗಾಡಿಯಿಂದ ಇಳಿಯಲೂ ಮನಸ್ಸಾಗುವುದಿಲ್ಲ.

ಎರಡನೇ ದಿನ ಪೂರ್ತಿ ಅಂಕೋರ್ ವಾಟ್. ಅದರ ಮರುದಿನ ಪಾಸಿಗೆ ಬಿಡುವು ಕೊಟ್ಟು ಕೋಹ್ ಕೇರ್‌ಗೆ ಹೋಗಬಹುದು. ಸುಮಾರು 120 ಕಿಲೋಮೀಟರ್ ದೂರ, ಬೇರೆಯೇ ಟಿಕೆಟ್, 15 ಡಾಲರ್. 10ನೇ ಶತಮಾನದಲ್ಲಿ ಕೆಲಕಾಲ ರಾಜಧಾನಿಯಾಗಿದ್ದ ಆ ಊರಿನಲ್ಲಿ ಏಳು ಅಂತಸ್ತಿನ, 36 ಮೀಟರ್ ಎತ್ತರದ ಗುಡಿಯಿದೆ. 2023ರಲ್ಲಿ ವಿಶ್ವ ಪರಂಪರೆಯ ಪಟ್ಟಿಗೆ ಸೇರಿತು. ಅಲ್ಲಿ ಹಾದಿ ಬಿಟ್ಟು ಕಾಡಿಗೆ ಇಳಿಯಬೇಡಿ, ಆ ಸೀಮೆಯಲ್ಲಿ ಯುದ್ಧಕಾಲದಲ್ಲಿ ನೆಲಬಾಂಬ್ ಹುಗಿದಿದ್ದರು.

ಪಾಸಿನ ಕೊನೆಯ ದಿನ ಅಂಕೋರ್ ಥಾಮ್ (ನೀವು ಕೇಳಿದ ಬಯೋನ್ ಇರುವುದು ಈ ಹಳೆಯ ಕೋಟೆನಗರದ ನಡುವೆ), ಪ್ರೇಹ್ ಖಾನ್, ತಾ ಪ್ರೋಮ್. ಮೂರೂ 12ನೇ ಶತಮಾನದ ಕೊನೆಯ ಹೊತ್ತಿಗೆ ಆಳಿದ 7ನೇ ಜಯವರ್ಮನ ಕಾಲದವು. ಮರದ ಬೇರು ಗೋಡೆ ತಬ್ಬಿರುವ ತಾ ಪ್ರೋಮ್‌ಗೆ ಬೆಳಗ್ಗೆ 7.30ಕ್ಕೆ ಬಾಗಿಲು ತೆಗೆಯುತ್ತಿದ್ದಂತೆ ಹೋಗಿ, ಇಲ್ಲವೇ ಸಂಜೆ 4ರ ಮೇಲೆ. ನಡುಹೊತ್ತಿನಲ್ಲಿ ಫೋಟೋಕ್ಕೆ ನಿಂತ ಸಾಲು ಬಿಟ್ಟು ಬೇರೇನೂ ಕಾಣುವುದಿಲ್ಲ. ಈ ಗುಡಿಯ ಜೀರ್ಣೋದ್ಧಾರದಲ್ಲಿ ನಮ್ಮ ಭಾರತೀಯ ಪುರಾತತ್ವ ಸರ್ವೇಕ್ಷಣ ಇಲಾಖೆಯ ಕೆಲಸವಿದೆ.

ಪ್ರಶ್ನೆ: ಹಳೇಬೀಡು, ಬೇಲೂರು ನೋಡಿ ಅಭ್ಯಾಸವಿದೆ. ಅಂಕೋರ್ ವಾಟ್‌ನ ರಾಮಾಯಣ, ಮಹಾಭಾರತದ ಕೆತ್ತನೆಗಳನ್ನು ಎಲ್ಲಿಂದ ಶುರುಮಾಡಿ ನೋಡಬೇಕು? — ಹಾಸನದ ಓದುಗರು

ನಿಮ್ಮ ಊರಿನ ದೇಗುಲಗಳೂ ಅಂಕೋರ್ ವಾಟೂ ಹೆಚ್ಚುಕಡಿಮೆ ಒಂದೇ ಕಾಲದವು. ಬೇಲೂರಿನ ಪ್ರತಿಷ್ಠೆ 1117ರಲ್ಲಿ. ಅಂಕೋರ್ ವಾಟ್ ಕಟ್ಟಿಸಿದ 2ನೇ ಸೂರ್ಯವರ್ಮ ಪಟ್ಟಕ್ಕೆ ಬಂದದ್ದು 1113ರಲ್ಲಿ. ಆದರೆ ನೋಡುವ ಕ್ರಮ ತದ್ವಿರುದ್ಧ. ಈ ವಿಷ್ಣು ದೇಗುಲ ಪಶ್ಚಿಮಕ್ಕೆ ಮುಖಮಾಡಿದೆ, ಶಿಲ್ಪದ ಕಥೆ ಅಪ್ರದಕ್ಷಿಣವಾಗಿ ಸಾಗುತ್ತದೆ. ಪಶ್ಚಿಮದ ಬಾಗಿಲಿನಿಂದ ಒಳಹೊಕ್ಕು ಬಲಕ್ಕೆ ತಿರುಗಿ, ಗೋಡೆ ಸದಾ ನಿಮ್ಮ ಎಡಗೈಗೆ ಇರಬೇಕು. ಪ್ರದಕ್ಷಿಣೆಯ ಅಭ್ಯಾಸದಲ್ಲಿ ಎಡಕ್ಕೆ ಹೊರಟರೆ ಇಡೀ ಕಥೆಯನ್ನು ಬಾಲದಿಂದ ಓದಿದಂತೆ.

ಮೊದಲು ಸಿಗುವುದು ಕುರುಕ್ಷೇತ್ರ. ಎಡದಿಂದ ಕೌರವರು, ಬಲದಿಂದ ಪಾಂಡವರು ನಡೆದು ಬಂದು ನಡುವೆ ಕೈಕೈ ಹತ್ತುತ್ತಾರೆ. ಶುರುವಿನಲ್ಲೇ ಮೇಲ್ಭಾಗದಲ್ಲಿ ಶರಶಯ್ಯೆಯ ಭೀಷ್ಮ ಇದ್ದಾನೆ, ಗುಂಪು ಸರಸರ ನಡೆದರೆ ತಪ್ಪಿಹೋಗುತ್ತಾನೆ. ಮುಂದೆ ಮೂಲೆಯ ಮಂಟಪದಲ್ಲಿ ಗೋವರ್ಧನಗಿರಿ ಮತ್ತು ವಾಲಿವಧೆ. ಅಲ್ಲಿ ಬೆಳಕು ಕಡಿಮೆ, ಟಾರ್ಚ್ ಬೇಕು. ದಕ್ಷಿಣದ ಪಡಸಾಲೆಯಲ್ಲಿ ಸೂರ್ಯವರ್ಮನ ದಂಡಿನ ಮೆರವಣಿಗೆ, ಆಮೇಲೆ ಕೋಣನ ಮೇಲಿನ ಯಮ, ಚಿತ್ರಗುಪ್ತ, 37 ಸ್ವರ್ಗ, 32 ನರಕ. ಯಾವ ನರಕ ಯಾರಿಗೆ ಎಂಬುದನ್ನು ಕಲ್ಲಿನ ಮೇಲೇ ಸಣ್ಣ ಅಕ್ಷರಗಳಲ್ಲಿ ಬರೆದಿದ್ದಾರೆ.

ಪೂರ್ವಕ್ಕೆ ತಿರುಗಿದರೆ ಸುಮಾರು 49 ಮೀಟರ್ ಉದ್ದದ ಸಮುದ್ರಮಥನ. ಇಲ್ಲಿ ಕನಿಷ್ಠ ಇಪ್ಪತ್ತು ನಿಮಿಷ ನಿಲ್ಲಿ. 92 ಅಸುರರು, 88 ದೇವತೆಗಳು ವಾಸುಕಿಯನ್ನು ಎಳೆಯುತ್ತಿದ್ದಾರೆ, ನಡುವೆ ವಿಷ್ಣು, ಕೆಳಗೆ ಕೂರ್ಮ. ಎಲ್ಲರೂ ಮೇಲೆ ಅಪ್ಸರೆಯರನ್ನು ನೋಡುತ್ತಾರೆ. ನೀವು ಕೆಳಗಿನ ಪಟ್ಟಿಕೆ ನೋಡಿ. ಅಂಚಿನಲ್ಲಿ ಮೀನು, ಮೊಸಳೆಗಳು ಇಡಿಯಾಗಿವೆ. ಮಂದರದ ಹತ್ತಿರ ಹತ್ತಿರ ಬಂದಂತೆ ಕಡೆಯುವ ಸೆಳೆತಕ್ಕೆ ಸಿಕ್ಕಿ ತುಂಡು ತುಂಡಾಗಿವೆ. ಶಿಲ್ಪಿ ನೀರಿನ ವೇಗವನ್ನು ತೋರಿಸಿದ್ದು ಹೀಗೆ. ದೇವತೆಗಳ ಸಾಲಿನ ಕೊನೆಯಲ್ಲಿ ಬಾಲ ಹಿಡಿದಿರುವವನು ಕಪಿ, ಅವನು ಹನುಮಂತ ಎನ್ನುತ್ತಾರೆ. ಲಂಕೆಯ ಯುದ್ಧ ಸಿಗುವುದು ಸುತ್ತು ಮುಗಿಸಿ ಪಶ್ಚಿಮದ ಉತ್ತರ ಭಾಗಕ್ಕೆ ಬಂದಾಗ. ಗೈಡ್ ಬಾಯಲ್ಲಿ ರಾಮ ‘ಪ್ರೇಹ್ ರೀಮ್’ ಆಗಿರುತ್ತಾನೆ, ಸೀತೆ ‘ನಿಯಾಂಗ್ ಸೇಡಾ’.

ಸೂರ್ಯೋದಯಕ್ಕೆ ಹೋದವರಲ್ಲಿ ಬಹುಪಾಲು ಜನ ತಿಂಡಿಗೆಂದು ಹೋಟೆಲಿಗೆ ಮರಳುತ್ತಾರೆ. ನೀವು ತಿಂಡಿಯ ಪೊಟ್ಟಣ ಕಟ್ಟಿಸಿಕೊಂಡು ಅಲ್ಲೇ ಉಳಿಯಿರಿ. ಬೆಳಗ್ಗೆ 8ರವರೆಗೆ ಪೂರ್ವ, ದಕ್ಷಿಣದ ಪಡಸಾಲೆಗಳು ಬಹುತೇಕ ಖಾಲಿ. ಪಶ್ಚಿಮದ ಪಡಸಾಲೆಗೆ ಮಧ್ಯಾಹ್ನ 3ರ ಮೇಲೆ ಓರೆ ಬಿಸಿಲು ಬೀಳುತ್ತದೆ, ಕುರುಕ್ಷೇತ್ರಕ್ಕೂ ಲಂಕೆಗೂ ಆಗ ಮತ್ತೊಮ್ಮೆ ಹೋಗಿ.

ಪ್ರಶ್ನೆ: ತಾಯಿಗೆ 68 ವರ್ಷ, ಮಂಡಿನೋವಿದೆ. ಮೇಲಿನ ಗರ್ಭಗುಡಿಗೆ ಹತ್ತಲೇಬೇಕೇ? — ಶಿವಮೊಗ್ಗದ ಓದುಗರು

ಬೇಡ. ಅಂಕೋರ್ ವಾಟ್‌ನ ಮೇಲಂತಸ್ತಿಗೆ ಬಾಕಾನ್ ಎನ್ನುತ್ತಾರೆ. ಮರದ ಮೆಟ್ಟಿಲು, ಹಿಡಿಕೆ ಇದ್ದರೂ ಏರು ಬಲು ಕಡಿದು, ಇಳಿಯುವಾಗ ಮಂಡಿಗೆ ಇನ್ನೂ ಕಷ್ಟ. ಒಂದು ಹೊತ್ತಿಗೆ ನೂರು ಜನರನ್ನಷ್ಟೇ ಬಿಡುವುದರಿಂದ ಬಿಸಿಲಲ್ಲಿ ಸಾಲೂ ನಿಲ್ಲಬೇಕು. ಶಿಲ್ಪದ ಪಡಸಾಲೆ ಕೆಳಗೇ ಇದೆ, ತಾಯಿಯವರು ಅಲ್ಲಿ ಕೂತು ನೋಡಲಿ. ಪಶ್ಚಿಮದ ಕಲ್ಲುಹಾದಿ ಅರ್ಧ ಕಿಲೋಮೀಟರಿಗೂ ಉದ್ದ, ನೆರಳಿಲ್ಲ. ಪೂರ್ವದ ಬಾಗಿಲಿಂದ ಹೋದರೆ ಮರದ ನೆರಳಿನ ಮಣ್ಣಿನ ದಾರಿ. ಗಾಡಿಯವನಿಗೆ ಮೊದಲೇ ಹೇಳಿ, ಇಳಿಸಿದ ಬಾಗಿಲಲ್ಲೇ ಕಾಯಲಿ.

ಬಾಂಟೆ ಸ್ರೇ ಚಿಕ್ಕದು, ಸಮತಟ್ಟು. ಬಯೋನ್‌ನ ಹೊರಗೋಡೆಯ ಸಂತೆ, ಅಡುಗೆ, ಕೋಳಿ ಅಂಕದ ಕೆತ್ತನೆಗಳು ಮೇಲೆ ಹತ್ತದೆ ಸಿಗುತ್ತವೆ. ಪ್ರೇಹ್ ಖಾನ್‌ನಲ್ಲಿ ಮೆಟ್ಟಿಲು ಕಡಿಮೆಯಾದರೂ ಹೊಸ್ತಿಲುಗಳು ಎತ್ತರ, ಜೊತೆಗೊಬ್ಬರು ಕೈ ಹಿಡಿಯಬೇಕು. ತಾ ಕೇಯೋ, ಪ್ರೇ ರೂಪ್, ಫ್ನೋಮ್ ಬಾಖೆಂಗ್ ಎತ್ತರಕ್ಕೆ ಹತ್ತಿ ನೋಡುವ ಗುಡಿಗಳು, ಬಿಟ್ಟುಬಿಡಿ. ಸೂರ್ಯಾಸ್ತವನ್ನು ಅಂಕೋರ್ ವಾಟ್ ಕಂದಕದ ದಂಡೆಯಲ್ಲಿ ಕೂತು ನೋಡಿದರೂ ಸೊಗಸೇ. ಹನ್ನೊಂದೂವರೆಯಿಂದ ಎರಡೂವರೆವರೆಗೆ ಹೋಟೆಲಿಗೆ ವಾಪಸು ಕರೆತರುವ ಟೂರನ್ನೇ ಆರಿಸಿ.

ಹತ್ತುವವರಿಗೆ ಒಂದು ಮಾತು: ಬಾಕಾನ್ ತಿಂಗಳಿಗೆ ನಾಲ್ಕು ದಿನ, ಬೌದ್ಧರ ಪವಿತ್ರ ದಿನಗಳಂದು ಮುಚ್ಚಿರುತ್ತದೆ. ಅವು ಹುಣ್ಣಿಮೆ, ಅಮಾವಾಸ್ಯೆ ಮತ್ತು ಎರಡು ಅಷ್ಟಮಿಗಳ ಸುಮಾರಿಗೆ ಬರುತ್ತವೆ. ಮನೆಯ ಪಂಚಾಂಗ ನೋಡಿ ಆ ದಿನಕ್ಕೆ ಒಂದು ದಿನ ಆಚೀಚೆ ಬಿಟ್ಟು ಅಂಕೋರ್ ವಾಟ್ ಇಟ್ಟುಕೊಳ್ಳಿ. ಭುಜ, ಮಂಡಿ ಮುಚ್ಚುವ ಬಟ್ಟೆ ಇರಬೇಕು. ಬನಿಯನ್ ಥರದ ಅಂಗಿಯ ಮೇಲೆ ಶಾಲು ಹೊದ್ದರೆ ಬಿಡುವುದಿಲ್ಲ. 12 ವರ್ಷದೊಳಗಿನ ಮಕ್ಕಳಿಗೂ ಪ್ರವೇಶವಿಲ್ಲ.

ಪ್ರಶ್ನೆ: ಪೂಜೆ ಮಾಡಿಸಬಹುದೇ? — ಉಡುಪಿಯ ಓದುಗರು

ನಮ್ಮ ಕ್ರಮದ ಪೂಜೆ ಇಲ್ಲ. ಪಶ್ಚಿಮದ ಹೆಬ್ಬಾಗಿಲ ಮಂಟಪದಲ್ಲಿ ಎಂಟು ಕೈಗಳ ವಿಷ್ಣುವಿನ ದೊಡ್ಡ ವಿಗ್ರಹಕ್ಕೆ ಅಲ್ಲಿನವರು ‘ತಾ ರೀಚ್’ ಎಂದು ಇಂದಿಗೂ ನಡೆದುಕೊಳ್ಳುತ್ತಾರೆ. ಊದುಬತ್ತಿ, ಹೂವು ನೀವೂ ಅರ್ಪಿಸಬಹುದು. ಕುಂಕುಮ, ಎಣ್ಣೆ, ಕರ್ಪೂರವನ್ನು ಕಲ್ಲಿಗೆ ಮುಟ್ಟಿಸಬೇಡಿ. ಮರಳುಗಲ್ಲು ಎಣ್ಣೆ ಹೀರಿದರೆ ಕಲೆ ಹೋಗುವುದಿಲ್ಲ.

ಪ್ರಶ್ನೆ: ಶುದ್ಧ ಸಸ್ಯಾಹಾರಿಗಳು ನಾವು. ಐದು ದಿನ ಹೇಗೆ? — ಬೆಂಗಳೂರಿನ ಓದುಗರು

ಸಿಯೆಮ್ ರೀಪ್ ಊರೊಳಗೆ ಭಾರತೀಯ ಹೋಟೆಲುಗಳಿವೆ, ರಾತ್ರಿಯ ಊಟಕ್ಕೆ ಚಿಂತೆಯಿಲ್ಲ. ಪೇಚಾಟ ಮಧ್ಯಾಹ್ನ, ದೇಗುಲಗಳ ಬಳಿಯ ಅಂಗಡಿಗಳಲ್ಲಿ. ಬರೀ ತರಕಾರಿ ಎಂದು ಕೊಟ್ಟದ್ದಕ್ಕೂ ಮೀನಿನ ಸಾಸ್ ಹಾಕಿರುತ್ತಾರೆ, ಅವರ ಲೆಕ್ಕದಲ್ಲಿ ಅದು ಉಪ್ಪಿನ ಹಾಗೆ. ‘ಪ್ರಹೋಕ್’ ಎಂಬ ಹುಳಿಬರಿಸಿದ ಮೀನಿನ ಮುದ್ದೆಯೂ ಬೆರೆತಿರಬಹುದು. ‘ನಾನ್ ವೆಜ್ ಬೇಡ’ ಅಂದರೆ ಇವು ಯಾವುವೂ ಅದರಲ್ಲಿ ಸೇರುವುದಿಲ್ಲ. ‘ಒತ್ ಸಾಚ್, ಒತ್ ತ್ರೇಯ್, ಒತ್ ತಿಕ್ ತ್ರೇಯ್’ ಅನ್ನಿ: ಮಾಂಸ ಬೇಡ, ಮೀನು ಬೇಡ, ಮೀನಿನ ಸಾಸ್ ಬೇಡ. ಗೈಡ್ ಕೈಲಿ ಇದನ್ನು ಖ್ಮೇರ್ ಲಿಪಿಯಲ್ಲಿ ಒಂದು ಚೀಟಿಯಲ್ಲಿ ಬರೆಸಿಟ್ಟುಕೊಳ್ಳುವುದು ಇನ್ನೂ ವಾಸಿ. ಕೋಹ್ ಕೇರ್ ದಿನಕ್ಕೆ ಚಪಾತಿ-ಪಲ್ಯ ಕಟ್ಟಿಸಿಕೊಂಡೇ ಹೊರಡಿ.

ಪ್ರಶ್ನೆ: ಥಾಯ್ಲೆಂಡಿನ ಫಿಮಾಯ್, ಫನೋಮ್ ರುಂಗ್ ನೋಡಿ ರಸ್ತೆಯಲ್ಲೇ ಗಡಿ ದಾಟಿ ಪ್ರೇಹ್ ವಿಹಿಯರ್, ಅಂಕೋರ್‌ಗೆ ಬರುವ ಎಂಟು ದಿನದ ಟೂರ್ ಒಂದಿದೆ. ಸೇರಬಹುದೇ? — ಮಂಗಳೂರಿನ ಓದುಗರು

ಯೋಚನೆ ಒಳ್ಳೆಯದೇ. ಖ್ಮೇರ್ ದೇಗುಲಗಳು ಇಂದಿನ ಗಡಿಗಳಿಗಿಂತ ಹಳೆಯವು. ಆದರೆ 2025ರಲ್ಲಿ ಈ ಎರಡು ದೇಶಗಳ ನಡುವೆ ಗಡಿಯಲ್ಲಿ ಗುಂಡಿನ ಕಾಳಗವೇ ನಡೆಯಿತು, ರಸ್ತೆ ಗಡಿಗಳು ಮುಚ್ಚಿದವು. ಪ್ರೇಹ್ ವಿಹಿಯರ್ ಇರುವುದು ಸರಿಯಾಗಿ ಆ ಗಡಿಯ ಬೆಟ್ಟದಂಚಿನಲ್ಲಿ. ಭಾರತ ಸರ್ಕಾರದ ಪ್ರಯಾಣ ಸೂಚನೆ ನೋಡದೆ ಮುಂಗಡ ಕೊಡಬೇಡಿ. ಸರ್ಕಾರ ಹೋಗಬೇಡಿ ಎಂದ ಜಾಗದಲ್ಲಿ ಏನಾದರೂ ಆದರೆ ಪ್ರವಾಸ ವಿಮೆಯವರು ಸಾಮಾನ್ಯವಾಗಿ ಹಣ ಕೊಡುವುದಿಲ್ಲ. ಎರಡೂ ದೇಶ ನೋಡಲೇಬೇಕೆಂದರೆ ನಡುವೆ ವಿಮಾನ ಇರುವ ಟೂರ್ ಹುಡುಕಿ. ಪ್ರೇಹ್ ವಿಹಿಯರ್ ಬದಲಿಗೆ ಸಂಬೋರ್ ಪ್ರೇ ಕುಕ್ ಸೇರಿಸಲು ಕೇಳಿ. 7ನೇ ಶತಮಾನದ ಈಶಾನಪುರ ಅದು, ನಮ್ಮ ಇಮ್ಮಡಿ ಪುಲಿಕೇಶಿಯ ಕಾಲದ್ದು. ಕಾಡಿನ ನಡುವೆ ಎಂಟು ಮೂಲೆಯ ಇಟ್ಟಿಗೆ ಗುಡಿಗಳು, ಜನಸಂದಣಿ ಇಲ್ಲವೇ ಇಲ್ಲ.

ಪ್ರಶ್ನೆ: ಹಣ ಕಟ್ಟುವ ಮುನ್ನ ಟೂರ್‌ನವರನ್ನು ಏನೇನು ಕೇಳಬೇಕು? — ಮೈಸೂರಿನ ಓದುಗರು

ಮೊದಲು ಪಾಸಿನ ಹಣ ಸೇರಿದೆಯೇ, ಎಷ್ಟು ದಿನದ್ದು ಎಂದು ಬರೆಸಿಕೊಳ್ಳಿ. ‘ಪ್ರವೇಶ ಶುಲ್ಕ ಪ್ರತ್ಯೇಕ’ ಎಂದು ಕೊನೆಯ ಸಾಲಿನಲ್ಲಿ ಸಣ್ಣಕ್ಷರದಲ್ಲಿ ಇರುತ್ತದೆ. ಇಲ್ಲಿಂದ ಜೊತೆಗೆ ಬರುವ ಟೂರ್ ಮ್ಯಾನೇಜರ್ ದೇಗುಲದೊಳಗೆ ವಿವರಣೆ ಕೊಡುವಂತಿಲ್ಲ, ಅಲ್ಲಿನ ಪ್ರವಾಸೋದ್ಯಮ ಸಚಿವಾಲಯದ ಪರವಾನಗಿ ಪಡೆದ ಗೈಡೇ ಬೇಕು. ಎಲ್ಲ ದಿನವೂ ಅವರು ಇರುತ್ತಾರೋ, ಒಂದೇ ದಿನವೋ ಕೇಳಿ. ಒಂದು ದಿನವಷ್ಟೇ ಎಂದರೆ ಉಳಿದ ದಿನಗಳಿಗೆ ನೀವೇ ಮಾಡಿಕೊಳ್ಳಬಹುದು, ಇಂಗ್ಲಿಷ್ ಗೈಡ್‌ಗೆ ದಿನಕ್ಕೆ ಸುಮಾರು 35ರಿಂದ 50 ಡಾಲರ್. ಗುಂಪಿನಲ್ಲಿ ಎಷ್ಟು ಜನ ಎಂಬುದೂ ಮುಖ್ಯ. ಪಡಸಾಲೆಗಳು ಕಿರಿದು, ಹನ್ನೆರಡಕ್ಕಿಂತ ಹೆಚ್ಚಾದರೆ ಹಿಂದಿದ್ದವರಿಗೆ ಮುಂದಿನವರ ಬೆನ್ನೇ ದರ್ಶನ. ರೇಷ್ಮೆ, ಹರಳಿನ ಅಂಗಡಿಗಳಿಗೆ ನಿಲ್ಲಿಸುತ್ತಾರೆಯೇ ಎಂದೂ ಕೇಳಿ, ಅಲ್ಲಿ ಕಳೆದ ಗಂಟೆ ದೇಗುಲದ ಪಾಲಿನದು.

2023ರ ಅಕ್ಟೋಬರಿನಲ್ಲಿ ಶುರುವಾದ ಹೊಸ ವಿಮಾನ ನಿಲ್ದಾಣ ಊರಿನಿಂದ ಸುಮಾರು 50 ಕಿಲೋಮೀಟರ್ ದೂರವಿದೆ. ಅಲ್ಲಿಂದ ಹೋಟೆಲಿಗೆ ಗಾಡಿ ಸೇರಿಲ್ಲದಿದ್ದರೆ ಖರ್ಚು ನಿಮ್ಮ ತಲೆಗೆ. ಬ್ಯಾಂಕಾಕ್ ಅಥವಾ ಕೌಲಾಲಂಪುರದಲ್ಲಿ ವಿಮಾನ ಬದಲಿಸುವಾಗ ಎರಡೂ ಹಾರಾಟ ಒಂದೇ ಟಿಕೆಟ್‌ನಲ್ಲಿವೆಯೇ ನೋಡಿ. ಬೇರೆ ಬೇರೆಯಾದರೆ ಸಾಮಾನು ಬಿಡಿಸಿಕೊಳ್ಳಲು ಆ ದೇಶದೊಳಗೆ ಕಾಲಿಡಬೇಕಾಗುತ್ತದೆ, ಅದರ ನಿಯಮ ಬೇರೆ. ಕಾಂಬೋಡಿಯಾಕ್ಕೆ ಭಾರತೀಯರಿಗೆ ವೀಸಾ ಬೇಕು, ಆರು ತಿಂಗಳ ಅವಧಿ ಉಳಿದ ಪಾಸ್‌ಪೋರ್ಟ್ ಇರಬೇಕು. ಇ-ವೀಸಾವನ್ನು ಕಾಂಬೋಡಿಯಾ ಸರ್ಕಾರದ ತಾಣದಲ್ಲೇ ಮಾಡಿಸಿ, ಹೆಸರು ಹೋಲುವ ಖಾಸಗಿ ತಾಣಗಳು ದುಪ್ಪಟ್ಟು ಕೀಳುತ್ತವೆ. ಅಲ್ಲಿಗೆ ತಲುಪುವ ಮುಂಚಿನ ಏಳು ದಿನದೊಳಗೆ ಆನ್‌ಲೈನ್‌ನಲ್ಲಿ ಇ-ಅರೈವಲ್ (ಆಗಮನದ) ಫಾರಂ ತುಂಬಬೇಕು, ಅದಕ್ಕೆ ಹಣವಿಲ್ಲ.

ಡಾಲರ್ ನೋಟುಗಳು ಗರಿಗರಿಯಾಗಿರಲಿ. ಚೂರು ಹರಿದಿದ್ದರೂ, ಮೇಲೆ ಪೆನ್ನಿನ ಗೀಟಿದ್ದರೂ ಅಂಗಡಿಯವರು ಮುಟ್ಟುವುದಿಲ್ಲ. ಬೆಂಗಳೂರಿನಲ್ಲಿ ಕೊಳ್ಳುವಾಗಲೇ ಒಂದೊಂದಾಗಿ ತಿರುವಿ ನೋಡಿ, 1 ಮತ್ತು 5ರ ನೋಟುಗಳನ್ನು ಹೆಚ್ಚಾಗಿ ತೆಗೆದುಕೊಳ್ಳಿ. ಚಿಲ್ಲರೆಯನ್ನು ಡಾಲರಿಗೆ ಸುಮಾರು 4,000ದ ಲೆಕ್ಕದಲ್ಲಿ ಅಲ್ಲಿನ ರಿಯೆಲ್‌ನಲ್ಲಿ ಕೊಡುತ್ತಾರೆ.