ತಾಯ್ತನದ ಗದ್ಯಭಾಗವನ್ನು ಸಮಾನಾರ್ಥಕ ಪದ ಹಾಕಿ ಬರೆಯುವುದು ಹೇಗೆ?

‘ತಾಯಿಗೆ ಮಗುವಿನ ಮೇಲೆ ವಾತ್ಸಲ್ಯ’ ಎಂಬುದು ‘ಅಮ್ಮನಿಗೆ ಕೂಸಿನ ಮೇಲೆ ಅಕ್ಕರೆ’ ಆಗಬಹುದು. ಪದ ಬದಲಾದರೆ ವಿಭಕ್ತಿ ಪ್ರತ್ಯಯ ಸೇರುವ ರೀತಿಯೂ ಬದಲಾಗುತ್ತದೆ, ನೋಡಿಕೊಳ್ಳಿ. ಹೆಚ್ಚಿನವರು ಎಡವುವುದು ವಾತ್ಸಲ್ಯದಲ್ಲಿ. ಅದು ಹಿರಿಯರಿಂದ ಕಿರಿಯರತ್ತ ಹರಿಯುವಂಥದ್ದು. ‘ಮಗಳಿಗೆ ಅಮ್ಮನ ಮೇಲೆ ವಾತ್ಸಲ್ಯ’ ತಪ್ಪು, ಅಲ್ಲಿ ಪ್ರೀತಿಯೇ ಸರಿ.

ಹೆರಿಗೆಗೆ ಪ್ರಸವ ಹಾಕಿ. ‘ಬಾಣಂತಿ’ಯನ್ನು ಮಾತ್ರ ಮುಟ್ಟಬೇಡಿ, ‘ಸೂತಿಕೆ’ ನಿಘಂಟಿನಲ್ಲಿದೆ, ಜನರ ಬಾಯಲ್ಲಿಲ್ಲ. ಸಮಾಸಪದವನ್ನು ಒಡೆಯದೆ ಇಡಿಯಾಗಿ ಬದಲಿಸಿ: ತಾಯ್ನುಡಿಗೆ ಮಾತೃಭಾಷೆ, ‘ಅಮ್ಮನುಡಿ’ ಅಲ್ಲ. ತಾಯಿಬೇರು ಹಾಗೇ ಇರಲಿ.

ಅಮ್ಮನಿಗೆ ಶಿರಸಿ ಕಡೆಯ ಹವ್ಯಕರು ಹೇಳುವ ‘ಆಯಿ’ ಸಂಭಾಷಣೆಗೆ ಚೆನ್ನ, ‘ಜನನಿ’ಯ ಪಕ್ಕ ಬಂದರೆ ಆಭಾಸ. ‘ಆಯಿ’ ಬಳಸಿದರೆ ಕ್ರಿಯಾಪದವೂ ಆ ಮಾತಿನದ್ದೇ ಆಗಬೇಕು: ‘ಆಯಿ ಬಂದಳು’ ಅಲ್ಲ, ‘ಆಯಿ ಬಂತು’.