ಅಮ್ಮನ ಸಾಗು, ಅತ್ತೆಯ ಇಷ್ಟು, ನಡುವೆ ನಾನು

ಪ್ರಶ್ನೆ: ಅಕ್ಕ, ನಾನು ಮೈಸೂರಿನವಳು, ಗಂಡ ಕೊಟ್ಟಾಯಂನವರು. ಬೆಂಗಳೂರಿನಲ್ಲಿದ್ದೇವೆ. ಮಗಳನ್ನು ನೋಡಿಕೊಳ್ಳಲು ಅಮ್ಮ, ಅತ್ತೆ ಇಬ್ಬರೂ ಬಂದಿದ್ದಾರೆ. ಭಾನುವಾರ ಬಂತೆಂದರೆ ಸಂಕಟ. ಅತ್ತೆಗೆ ಅಪ್ಪಂ ಜೊತೆ 'ಇಷ್ಟು' ಅನ್ನುವ, ಕಾಯಿಹಾಲು ಹಾಕಿದ ಕೇರಳದ ಸಾರು ಬೇಕು, ಅಮ್ಮನಿಗೆ ಪೂರಿ ಜೊತೆ ಸಾಗು. ಸಾಗು ಮಾಡಿದರೆ ಅತ್ತೆ ಎರಡು ತುತ್ತಿಗೇ ಏಳುತ್ತಾರೆ. ಇಷ್ಟು ಮಾಡಿದರೆ ಸಸ್ಯಾಹಾರಿ ಅಮ್ಮ, ಯಾವ ಪಾತ್ರೆಯಲ್ಲಿ ಮಾಡಿದೆ ಅಂತ ಮೊದಲು ಕೇಳುತ್ತಾರೆ, ಆಮೇಲೆ ಸಪ್ಪೆ ಅನ್ನುತ್ತಾರೆ. ಗಂಡ ಸುಮ್ನೆ "ಎರಡೂ ಮಾಡಿಬಿಡು" ಅಂತಾರೆ. ಮಾಡಿ ಮಾಡಿ ಸಾಕಾಗಿದೆ. ಹೋದ ವಾರ ಅಡುಗೆಮನೆಯಲ್ಲೇ ಅಳು ಬಂತು.

ಉತ್ತರ: ನಿಮ್ಮ ಪತ್ರದಲ್ಲಿ ನನಗೆ ಬೇಸರ ತಂದ ಮಾತು ಅಮ್ಮನದೂ ಅಲ್ಲ, ಅತ್ತೆಯದೂ ಅಲ್ಲ. "ಎರಡೂ ಮಾಡಿಬಿಡು" ಅನ್ನುವುದು. ಹೇಳಿದವರಿಗೆ ಸುಲಭ, ಆದರೆ ಎರಡು ಒಲೆ ಹಚ್ಚಿ, ಎರಡು ತೆಂಗಿನಕಾಯಿ ತುರಿದು, ಆಮೇಲೆ ಯಾರು ಎಷ್ಟು ತಿಂದರು ಅಂತ ತಟ್ಟೆ ನೋಡುತ್ತಾ ನಿಲ್ಲುವವರು ನೀವು. ಅವರ ವಿಷಯಕ್ಕೆ ಆಮೇಲೆ ಬರುತ್ತೇನೆ.

ಮೊದಲು ಆ ಎರಡು ಪಾತ್ರೆಗಳನ್ನೇ ನೋಡಿ. ಆಲೂಗಡ್ಡೆ, ಕ್ಯಾರೆಟ್, ಹುರುಳಿಕಾಯಿ, ಬಟಾಣಿ, ತೆಂಗಿನಕಾಯಿ, ಹಸಿಮೆಣಸಿನಕಾಯಿ, ಶುಂಠಿ, ಚಕ್ಕೆ, ಲವಂಗ. ಎರಡರಲ್ಲೂ ಹೆಚ್ಚುಕಡಿಮೆ ಇವೇ ಅಲ್ವಾ? ಕಾಯಿಯನ್ನು ಹಿಂಡಿ ಹಾಲು ತೆಗೆದರೆ ಇಷ್ಟು, ಕೊತ್ತಂಬರಿ ಸೊಪ್ಪು, ಹುರಿಗಡಲೆ ಜೊತೆ ರುಬ್ಬಿದರೆ ಸಾಗು. ಮತ್ತೆ ಯಾವುದೂ ಅಪ್ಪಟ ನಮ್ಮದೇ ಅಂತಿಲ್ಲ. ಇಷ್ಟು ಅನ್ನುವ ಹೆಸರೇ ಇಂಗ್ಲಿಷಿನ ಸ್ಟ್ಯೂ. ಕೇರಳದ ಮನೆಗಳು ಅದಕ್ಕೆ ಕಾಯಿಹಾಲು ಹಾಕಿ ತಮ್ಮದು ಮಾಡಿಕೊಂಡವು. ಇನ್ನು ಸಾಗಿನ ಕ್ಯಾರೆಟ್, ಬೀನ್ಸನ್ನು ನಮ್ಮ ಮಾರ್ಕೆಟ್‌ನಲ್ಲಿ ಈಗಲೂ ಇಂಗ್ಲಿಷ್ ತರಕಾರಿ ಅಂತಲೇ ಕರೆಯುತ್ತಾರೆ. ಇದನ್ನು ಇಬ್ಬರಿಗೂ ಪಾಠ ಮಾಡಲು ಹೋಗಬೇಡಿ, ಮನಸ್ಸಿಗೆ ನೋವಾಗುತ್ತದೆ. ನಿಮ್ಮ ಧೈರ್ಯಕ್ಕೆ ಹೇಳಿದೆ, ಅಷ್ಟೇ.

ಹಾಗಾಗಿ ಈ ಭಾನುವಾರ ಒಂದೇ ಪಾತ್ರೆ ಇಡಿ. ಅಮ್ಮ ಒಪ್ಪುವ ಪಾತ್ರೆಯೇ ಆಗಲಿ. ಐದು ಜನಕ್ಕೆ ಎರಡು ಆಲೂಗಡ್ಡೆ, ಒಂದು ಕ್ಯಾರೆಟ್, ಹತ್ತು ಹುರುಳಿಕಾಯಿ, ಅರ್ಧ ಕಪ್ ಬಟಾಣಿ ಸಾಕು. ಒಂದು ಕಾಯಿ ತುರಿದು ಗಟ್ಟಿಯಾದ ಮೊದಲ ಹಾಲು ಒಂದು ಕಪ್ ಎತ್ತಿಡಿ, ನೀರು ಹಾಕಿ ಎರಡನೇ ಹಾಲು ಎರಡು ಕಪ್ ತೆಗೆಯಿರಿ. ಕೊಬ್ಬರಿ ಎಣ್ಣೆಯಲ್ಲಿ ಚಕ್ಕೆ, ಲವಂಗ, ನಾಲ್ಕು ಕಾಳುಮೆಣಸು, ಸೀಳಿದ ಎರಡು ಹಸಿಮೆಣಸಿನಕಾಯಿ ಹಾಕಿ, ಈರುಳ್ಳಿಯನ್ನು ಕೆಂಪಗಾಗಲು ಬಿಡದೆ ಬಾಡಿಸಿ. ತರಕಾರಿ, ಉಪ್ಪು, ಎರಡನೇ ಹಾಲು ಹಾಕಿ ಬೇಯಿಸಿ. ಇಲ್ಲಿಯವರೆಗೆ ಅತ್ತೆಯ ಅಡುಗೆ. ಈಗ ಅಮ್ಮನ ಸರದಿ: ಒಂದು ಹಿಡಿ ಕೊತ್ತಂಬರಿ ಸೊಪ್ಪು, ಒಂದೂವರೆ ಚಮಚ ಹುರಿಗಡಲೆ, ಒಂದು ಹಸಿಮೆಣಸಿನಕಾಯಿ, ಚೂರು ಶುಂಠಿ ನುಣ್ಣಗೆ ರುಬ್ಬಿ ಹಾಕಿ, ಹಸಿ ವಾಸನೆ ಹೋಗುವ ತನಕ ಐದು ನಿಮಿಷ ಕುದಿಸಿ. ಹುರಿಗಡಲೆಯಿಂದ ಗಟ್ಟಿ ಬರುತ್ತದೆ. ಜಾಸ್ತಿ ಹಾಕಿದರೆ ಕಾಯಿಹಾಲಿನ ರುಚಿ ಮುಚ್ಚಿಹೋಗುತ್ತದೆ, ಹುಷಾರು. ಕೊನೆಗೆ ಉರಿ ಸಣ್ಣ ಮಾಡಿ ಮೊದಲ ಹಾಲು ಹಾಕಿ. ಅಂಚಿನಲ್ಲಿ ಬಿಸಿ ಏರಿದ ಕೂಡಲೇ ಇಳಿಸಿಬಿಡಿ, ಕುದಿಸಿದರೆ ಒಡೆಯುತ್ತದೆ. ಮೇಲೆ ಕರಿಬೇವು, ಒಂದು ಚಮಚ ಹಸಿ ಕೊಬ್ಬರಿ ಎಣ್ಣೆ. ಬಿಳಿಯೂ ಅಲ್ಲದ, ಪೂರ್ತಿ ಹಸಿರೂ ಅಲ್ಲದ ತಿಳಿ ಬಣ್ಣ ಬರುತ್ತದೆ. ಅರಿಶಿನ ಹಾಕಲೇಬೇಡಿ.

ಆದರೆ ನೀವೊಬ್ಬರೇ ಮಾಡಿ ಬಡಿಸಬೇಡಿ. ಹಾಲು ಹಿಂಡಲು ಅತ್ತೆಯನ್ನು ಕರೆಯಿರಿ, ಮಸಾಲೆಯ ಹದ ಅಮ್ಮನನ್ನು ಕೇಳಿ. ಇಬ್ಬರೂ ತಮ್ಮ ಮನೆ, ತಮ್ಮ ಒಲೆ ಬಿಟ್ಟು ನಿಮಗಾಗಿ ಬಂದು ಕೂತಿದ್ದಾರೆ. ವಾರವಿಡೀ ನಿಮ್ಮ ಹೊತ್ತಿಗೆ ಹೊಂದಿಕೊಂಡವರಿಗೆ ಭಾನುವಾರದ ಒಂದು ಊಟವಾದರೂ ತಮ್ಮೂರಿನ ಹಾಗಿರಲಿ ಅನ್ನಿಸುವುದು ಸಹಜ. ಅವರ ಮುನಿಸನ್ನು ನಿಮ್ಮ ಕೈರುಚಿಗೆ ಕೊಟ್ಟ ಅಂಕ ಅಂದುಕೊಳ್ಳಬೇಡಿ. ಮೊದಲ ಸಲ ಇಬ್ಬರಿಗೂ ಅಷ್ಟು ಹಿಡಿಸದೇ ಇರಬಹುದು. ಬೇರೆ ಮಾಡಿಕೊಡಲು ಓಡಬೇಡಿ. ಇನ್ನೊಂದೆರಡು ವಾರ ಅದನ್ನೇ ಮಾಡಿ, ಅವರೇ ಉಪ್ಪು ಖಾರ ತಿದ್ದಲು ಬರುತ್ತಾರೆ. ಕ್ರಿಸ್‌ಮಸ್, ಈಸ್ಟರ್ ದಿನ ಮಾತ್ರ ಅತ್ತೆಗೆ ಅವರ ಕೋಳಿ ಇಷ್ಟು ಅವರದೇ ಪಾತ್ರೆಯಲ್ಲಿ ಆಗಲಿ. ಯುಗಾದಿ ಅಡುಗೆ ಪೂರ್ತಿ ಅಮ್ಮನದು. ಇದನ್ನು ಇಬ್ಬರಿಗೂ ಮೊದಲೇ ಹೇಳಿಬಿಡಿ.

ಇನ್ನು ನಿಮ್ಮ ಗಂಡ. ಅವರಮ್ಮನಿಗೆ ಮಲಯಾಳಂನಲ್ಲಿ "ಇವಳಿಗೆ ಸುಸ್ತಾಗುತ್ತಿದೆ, ಇನ್ನು ಮುಂದೆ ಒಂದೇ ಅಡುಗೆ" ಅಂತ ಹೇಳಬೇಕಾದವರು ಅವರೇ, ನೀವಲ್ಲ. ಅಪ್ಪಂ ಕೂಡ ಅವರಿಗೇ ಬಿಡಿ. ಶನಿವಾರ ಮಧ್ಯಾಹ್ನ ಅಕ್ಕಿ ನೆನೆಹಾಕಿ, ಸಂಜೆ ರುಬ್ಬಿಟ್ಟರೆ ಭಾನುವಾರ ಬೆಳಿಗ್ಗೆಗೆ ಹಿಟ್ಟು ಹುಳಿ ಬಂದಿರುತ್ತದೆ. ನೆನೆಹಾಕಿದಿರಾ ಅಂತ ನೀವು ನೆನಪಿಸಲೂ ಹೋಗಬೇಡಿ.