ಕಥೆಯೊಳಗಿನ ಪಂಡಿತನಿಗೆ ಊಟ ಹಾಕೋರು ಯಾರು?

ಪ್ರಶ್ನೆ: ಮೇಡಂ, ನಾನೊಂದು ಫ್ಯಾಂಟಸಿ ಕಾದಂಬರಿ ಬರೀತಿದೀನಿ, ಪೂರ್ತಿ ಕಲ್ಪನೆಯ ಲೋಕ, ಮ್ಯಾಪ್ ಕೂಡ ರೆಡಿ ಇದೆ. ಹೀರೋ ಒಬ್ಬ ದೊಡ್ಡ ವಿದ್ವಾಂಸ. ಮಂತ್ರ ಶಾಪ ಎಲ್ಲ ಬರೆದ್ಬಿಡ್ತೀನಿ, ಆದ್ರೆ ಅವನು ಬೆಳಿಗ್ಗೆ ಎದ್ದು ಏನ್ ಮಾಡ್ತಾನೆ ಅನ್ನೋದೇ ಹೊಳೀತಿಲ್ಲ. ಏನ್ ಮಾಡ್ಲಿ?
– ಓದುಗರು, ಶಿಕಾರಿಪುರ

ಉತ್ತರ: ಮೊದ್ಲು ಅವನಿಗೆ ಊಟ ಹಾಕೋದು ಯಾರು ಅಂತ ತೀರ್ಮಾನ ಮಾಡಿ. ಮಿಕ್ಕಿದ್ದೆಲ್ಲ ಅದರ ಹಿಂದೇನೇ ಬರುತ್ತೆ, ಯಾಕಂದ್ರೆ ಯಾವ ಲೋಕದಲ್ಲಾದ್ರೂ ದಿನವಿಡೀ ಓದ್ತಾ ಕೂರೋನಿಗೆ ಬೇರೆ ಯಾರೋ ಉಳುಮೆ ಮಾಡಿ ಅಕ್ಕಿ ಕೊಡ್ಲೇಬೇಕು.

ಕಲಬುರಗಿ ಜಿಲ್ಲೆ ಚಿತ್ತಾಪುರದ ಹತ್ರ ನಾಗಾವಿ ಇದೆಯಲ್ಲ, ಅಲ್ಲಿನ 1058ರ ಶಾಸನದಲ್ಲಿ ಘಟಿಕಾಸ್ಥಾನದ, ಅಂದ್ರೆ ಆ ಕಾಲದ ದೊಡ್ಡ ವಿದ್ಯಾಸಂಸ್ಥೆಯ, ವಿವರ ಇದೆ: ವೇದ ಓದೋ 200 ಹುಡುಗರು, ಶಾಸ್ತ್ರ ಓದೋರು ಬೇರೆ, ಮೇಷ್ಟ್ರುಗಳು, ಜೊತೆಗೆ ಪುಸ್ತಕ ನೋಡ್ಕೊಳ್ಳೋಕೇ 6 ಜನ ಸರಸ್ವತೀ ಭಂಡಾರಿಗರು, ಇವರಿಗೆಲ್ಲ ದತ್ತಿ ಭೂಮಿ. ಅಂದ್ರೆ ಪಂಡಿತನ ಬದುಕು ಯಾವುದೋ ಹೊಲಕ್ಕೆ ಕಟ್ಟಿಬಿದ್ದಿದೆ. ಮಳೆ ಕೈಕೊಟ್ರೆ, ಇಲ್ಲಾ ರಾಜ ಬದಲಾದ್ರೆ ಏನ್ ಗತಿ? ನಿಮ್ಮ ಕಥೆಗೆ ಭಯ ಅಲ್ಲೇ ಸಿಕ್ತು ನೋಡಿ, ರಾಕ್ಷಸ ಬರೋದೇ ಬೇಡ. 7ನೇ ಶತಮಾನದಲ್ಲಿ ನಾಲಂದಕ್ಕೆ ಓದೋಕೆ ಬಂದ ಚೀನಾದ ಬೌದ್ಧ ಯಾತ್ರಿಕ ಹ್ಯೂಯೆನ್ ತ್ಸಾಂಗನಿಗೆ ದಿನಾ ಮಹಾಶಾಲಿ ಅನ್ನೋ ಉತ್ತಮ ಜಾತಿ ಅಕ್ಕಿ, ಅಡಿಕೆ, ಕರ್ಪೂರ ಸಿಗ್ತಿತ್ತಂತೆ, ಅದೂ ಹಳ್ಳಿಗಳಿಂದ ಬರ್ತಿದ್ದ ಆದಾಯದಲ್ಲೇ. ಆದ್ರೆ ಒಳಗೆ ಹೋಗೋದು ಸುಲಭ ಇರ್ಲಿಲ್ಲ, ಬಾಗಿಲಲ್ಲೇ ಪ್ರಶ್ನೆ ಕೇಳೋರು, ಹತ್ತು ಜನದಲ್ಲಿ ಏಳೆಂಟು ಜನ ವಾಪಸ್ ಹೋಗೋರು.

ಆಮೇಲೆ ಪುಸ್ತಕ. ಇದರ ಬಗ್ಗೆ ನಾನು ಸ್ವಲ್ಪ ಜಾಸ್ತಿನೇ ಹೇಳ್ತೀನಿ ಯಾಕಂದ್ರೆ ಫ್ಯಾಂಟಸಿ ಬರೆಯೋ ಸುಮಾರು ಜನ ಸಾವಿರಾರು ಪುಸ್ತಕದ ಲೈಬ್ರರಿ ಇಟ್ಬಿಡ್ತಾರೆ, ಅದನ್ನ ಬರೆದಿದ್ದು ಯಾರು ಅಂತ ಯೋಚನೆನೇ ಮಾಡಲ್ಲ. ಓಲೆಗರಿಯಲ್ಲಿ ಕಂಟದಿಂದ, ಅಂದ್ರೆ ಚೂಪು ಮೊನೆಯ ಲೋಹದ ಕಡ್ಡಿಯಿಂದ, ಒಂದೊಂದೇ ಅಕ್ಷರ ಕೊರೀಬೇಕು, ಮಸಿ ಸವರಿದ್ರೇನೇ ಅದು ಕಾಣೋದು, ಹುಳ ಹಿಡಿಯೋಕೆ ಮುಂಚೆ ಮತ್ತೆ ಪ್ರತಿ ಮಾಡ್ಬೇಕು. ಬೆನ್ನು ಸೊಂಟ ಕತ್ತು ಮುರ್ಕೊಂಡು ಬರೆದಿದೀನಿ, ಜೋಪಾನವಾಗಿ ಕಾಪಾಡಿ ಅಂತ ಹಸ್ತಪ್ರತಿ ಕೊನೇಲಿ ಲಿಪಿಕಾರರು ಶ್ಲೋಕಾನೇ ಹಾಕ್ತಿದ್ರು! ಅತ್ತಿಮಬ್ಬೆ ಪೊನ್ನನ ಶಾಂತಿಪುರಾಣಕ್ಕೆ ಸಾವಿರ ಪ್ರತಿ ಮಾಡಿಸಿ ಹಂಚಿದ್ಲು ಅಂತ ಓದಿರ್ತೀವಿ, ಆ ಸಾವಿರ ಅಂದ್ರೆ ಎಷ್ಟು ಜನರ ಎಷ್ಟು ದಿನದ ಕೂಲಿ ಅಂತ ಒಂದ್ಸಲ ಲೆಕ್ಕ ಹಾಕಿ ನೋಡಿ. ಹ್ಯೂಯೆನ್ ತ್ಸಾಂಗ್ 657 ಗ್ರಂಥ ಹೊತ್ಕೊಂಡು ಚೀನಾ ಸೇರಿದ, ಆದ್ರೆ ದಾರೀಲಿ ಸಿಂಧೂ ನದಿ ದಾಟೋವಾಗ ಕೆಲವು ನೀರುಪಾಲಾಗಿದ್ವು, ಊರಿಗೆ ಹೋದ್ಮೇಲೂ ಪತ್ರ ಬರೆದು ಅವುಗಳ ಪ್ರತಿ ಕೇಳಿದ್ದ. ನಿಮ್ಮ ಹೀರೋಗೂ ಹೀಗೆ ಸಿಗದೇ ಇರೋ ಒಂದು ಪುಸ್ತಕ ಇರ್ಲಿ, ಎಲ್ಲ ಗೊತ್ತಿರೋ ಪಂಡಿತನ ಹಿಂದೆ ಓದುಗರು ಯಾಕೆ ಹೋಗ್ತಾರೆ ಹೇಳಿ.

ಮತ್ತೆ ನಿಮ್ಮ ತಾಲೂಕಲ್ಲೇ ತಾಳಗುಂದ ಇದೆ, ಹೋಗಿ ಬನ್ನಿ. ಅಲ್ಲಿನ ಕಂಬದ ಶಾಸನದಲ್ಲಿರೋ, ಮುಂದೆ ಕದಂಬ ರಾಜ್ಯ ಕಟ್ಟಿದ ಮಯೂರಶರ್ಮ ಕಂಚಿಯ ಘಟಿಕೆಗೆ ಓದಕ್ಕೆ ಅಂತ ಹೋದವನು, ಗುರು ವೀರಶರ್ಮನ ಜೊತೆ. ಅಲ್ಲಿ ಪಲ್ಲವರ ಕುದುರೆ ಸವಾರನ ಜೊತೆ ಜಗಳ ಆಯ್ತು, ಹೋಮದ ದರ್ಭೆ ಸಮಿತ್ತು ಹಿಡೀತಿದ್ದ ಅದೇ ಕೈಯಲ್ಲಿ ಕತ್ತಿ ಹಿಡಿದ ಅಂತ ಬರೆದಿದಾನೆ ಕವಿ ಕುಬ್ಜ. ಎಂಥ ವಾಕ್ಯ! ವಿದ್ವಾಂಸ ಏನೇನು ಬಲ್ಲ ಅಂತ ಪುಟಗಟ್ಟಲೆ ಹೇಳೋದಕ್ಕಿಂತ ಅವನ ಕೈಯಲ್ಲಿ ಏನಿದೆ ಅಂತ ತೋರಿಸಿ ಸಾಕು.

ಪ್ರಶ್ನೆ: ಹಳೇ ಕಾಲದ ಥರದ ಕಲ್ಪನಾ ಲೋಕದಲ್ಲಿ ಹೆಣ್ಣು ವಿದ್ವಾಂಸೆ ಇದ್ರೆ ಜನ ನಂಬ್ತಾರಾ?
– ಓದುಗರು, ದಾವಣಗೆರೆ

ಉತ್ತರ: ಖಂಡಿತ ನಂಬ್ತಾರೆ. ಸಂಚಿಯ ಹೊನ್ನಮ್ಮ ಮೈಸೂರು ಚಿಕ್ಕದೇವರಾಜರ ಅರಮನೇಲಿ ಎಲೆ ಅಡಿಕೆ ಸಂಚಿ ಹಿಡಿಯೋ ಕೆಲಸದಲ್ಲಿದ್ದೋಳು, ಅಲ್ಲೇ ಇದ್ದ ಸಿಂಗರಾರ್ಯನ ಹತ್ರ ಕಲಿತು ಸಾಂಗತ್ಯ ಅನ್ನೋ ಹಾಡೋ ಛಂದಸ್ಸಲ್ಲಿ ಕಾವ್ಯ ಬರೆದ್ಲು. ಹೊಟ್ಟೆಪಾಡು, ಗುರು, ಬರೆಯೋ ಹಟ ಮೂರೂ ಒಂದೇ ಅರಮನೇಲಿ. ನಿಮ್ಮ ವಿದ್ವಾಂಸೆಗೂ ಇಂಥದ್ದೊಂದು ದಿನಗೂಲಿ ಕೆಲಸ ಕೊಡಿ, ಅವಳು ರಾತ್ರಿ ಎಷ್ಟೊತ್ತಿಗೆ ಬರೆಯೋಕೆ ಕೂರ್ತಾಳೆ ಅನ್ನೋದು ತಾನಾಗೇ ಗೊತ್ತಾಗುತ್ತೆ.